ಶ್ರೀಲಂಕಾದ ಪ್ರಾಂತ್ಯ, ಜಿಲ್ಲೆಗಳ ಗಡಿಗಳನ್ನು ಕಾಲಕ್ಕೆ ತಕ್ಕಂತೆ ಜೋಡಿಸಿದ್ದು: ನನ್ನ ಅನುಭವ

ಶ್ರೀಲಂಕಾದ ಜನಗಣತಿಯ ಹಳೆಯ ಅಂಕಿಗಳನ್ನು ಜಿಲ್ಲಾವಾರು ನಕ್ಷೆಗಳಲ್ಲಿ ತೋರಿಸುವ ಕೆಲಸವನ್ನು ವಹಿಸಿಕೊಂಡ ಮೇಲೆ, ಅಂಕಿಗಳಿಗೆ ಕೈಹಾಕುವ ಮುನ್ನ ಗಡಿಗಳನ್ನು ಇತ್ಯರ್ಥ ಮಾಡಿಕೊಳ್ಳುವುದು ಅನಿವಾರ್ಯವಾಯಿತು. ಕೊಲಂಬೊ ಜಿಲ್ಲೆಯ ಜನಸಂಖ್ಯೆ 1971ರ ಗಣತಿಯಲ್ಲಿ ಸುಮಾರು 26.7 ಲಕ್ಷ, 1981ರಲ್ಲಿ ಅದು ಸುಮಾರು 17 ಲಕ್ಷ. ಹತ್ತು ಲಕ್ಷದಷ್ಟು ಜನ ಎಲ್ಲಿಗೂ ಹೋಗಿರಲಿಲ್ಲ. 1978ರಲ್ಲಿ ಉತ್ತರದ ಭಾಗವನ್ನು ಗಂಪಹ ಎಂಬ ಹೊಸ ಜಿಲ್ಲೆಯಾಗಿ ಬೇರ್ಪಡಿಸಲಾಗಿತ್ತು, ಅದರ ಸುಮಾರು 13.9 ಲಕ್ಷವನ್ನು ಕೂಡಿಸಿದರೆ ಹಳೆಯ ಕೊಲಂಬೊ ವಾಸ್ತವವಾಗಿ ಬೆಳೆದಿತ್ತು ಎಂಬುದು ತಿಳಿಯುತ್ತದೆ. ಜಿಲ್ಲೆಯ ಹೆಸರನ್ನೇ ನಂಬಿ ಎರಡು ವರ್ಷಗಳ ಅಂಕಿಗಳನ್ನು ಅಕ್ಕಪಕ್ಕ ಇಡುವವರು ಇಲ್ಲದ ವಲಸೆಯೊಂದನ್ನು ಕಂಡುಹಿಡಿದುಬಿಡುತ್ತಾರೆ.

ಆದ್ದರಿಂದ ನನ್ನ ಕೋಷ್ಟಕದಲ್ಲಿ ಪ್ರತಿಯೊಂದು ಘಟಕಕ್ಕೂ ಹೆಸರಿನ ಜೊತೆಗೆ ಅದು ಜಾರಿಗೆ ಬಂದ ದಿನ, ಕೊನೆಗೊಂಡ ದಿನ, ಯಾವುದರಿಂದ ಹುಟ್ಟಿತು ಮತ್ತು ಆಗ ಯಾವ ಪ್ರಾಂತ್ಯಕ್ಕೆ ಸೇರಿತ್ತು ಎಂಬ ಕಾಲಂಗಳನ್ನು ಇಟ್ಟುಕೊಂಡೆ. 1978ಕ್ಕೆ ಮುಂಚಿನ ಕೊಲಂಬೊ ಮತ್ತು ಅನಂತರದ ಕೊಲಂಬೊ ಇದರಲ್ಲಿ ಎರಡು ಪ್ರತ್ಯೇಕ ಸಾಲುಗಳು.

ಕೆಲಸವನ್ನು ಆರಂಭಿಸಿದ್ದು 1833ರಿಂದ. ಕ್ಯಾಂಡಿ ರಾಜ್ಯ 1815ರಲ್ಲಿ ಬ್ರಿಟಿಷರ ವಶವಾದ ಮೇಲೂ ಅದರ ಪ್ರದೇಶಗಳ ಆಡಳಿತ ಕರಾವಳಿಯ ಆಡಳಿತದಿಂದ ಬೇರೆಯಾಗಿಯೇ ಇತ್ತು. ಆಡಳಿತ ಸುಧಾರಣೆಗಾಗಿ ಬ್ರಿಟಿಷ್ ಸರ್ಕಾರ ನೇಮಿಸಿದ್ದ ಕೋಲ್‌ಬ್ರೂಕ್–ಕ್ಯಾಮರಾನ್ ಆಯೋಗದ ಶಿಫಾರಸಿನ ನಂತರ ಇಡೀ ದ್ವೀಪವನ್ನು ಉತ್ತರ, ದಕ್ಷಿಣ, ಪೂರ್ವ, ಪಶ್ಚಿಮ ಮತ್ತು ಮಧ್ಯ ಎಂಬ ಐದು ಪ್ರಾಂತ್ಯಗಳಾಗಿ ವಿಂಗಡಿಸಲಾಯಿತು. ದಿಕ್ಕುಗಳ ಈ ಹೆಸರುಗಳು ನಿರಪಾಯವಾಗಿ ಕಾಣುತ್ತವೆ. ಆದರೆ ಗಡಿಗಳನ್ನು ನಕ್ಷೆಯ ಮೇಲೆ ಎಳೆದಾಗ ಉದ್ದೇಶ ಹೊರಬೀಳುತ್ತದೆ: ಹಳೆಯ ಕ್ಯಾಂಡಿ ರಾಜ್ಯದ ನುವರಕಲಾವಿಯ ಎಂಬ ಪ್ರದೇಶ ಉತ್ತರ ಪ್ರಾಂತ್ಯಕ್ಕೂ, ತಮನ್‌ಕಡುವ ಎಂಬುದು ಪೂರ್ವ ಪ್ರಾಂತ್ಯಕ್ಕೂ, ಕುರುನೇಗಲದ ಸುತ್ತಲಿನ ಏಳು ಕೋರಳೆಗಳು (ಹಳೆಯ ಆಡಳಿತ ವಿಭಾಗಗಳು) ಪಶ್ಚಿಮ ಪ್ರಾಂತ್ಯಕ್ಕೂ ಹಂಚಿಹೋಗಿ, ಮಧ್ಯ ಪ್ರಾಂತ್ಯಕ್ಕೆ ಉಳಿದದ್ದು ಕ್ಯಾಂಡಿಯ ತಿರುಳಷ್ಟೇ. 1817–18ರ ಬಂಡಾಯವನ್ನು ಕಂಡಿದ್ದ ಆಡಳಿತಕ್ಕೆ ಆ ರಾಜ್ಯದ ಒಗ್ಗಟ್ಟನ್ನು ಮುರಿಯುವುದು ಬೇಕಾಗಿತ್ತು. 1833ರ ಈ ಗೆರೆಗಳನ್ನು ಅದಕ್ಕೂ ಹಿಂದಿನ ರಾಜ್ಯಗಳ ಗಡಿಗಳೆಂದು ಓದುವ ಪರಿಪಾಠವಿದೆ. ನನ್ನ ದೃಷ್ಟಿಯಲ್ಲಿ ಅದಕ್ಕೆ ಆಧಾರವಿಲ್ಲ.

ಮುಂದಿನ ಅರ್ಧ ಶತಮಾನದಲ್ಲಿ ಈ ಐದು ಒಂಬತ್ತಾದವು. 1845ರಲ್ಲಿ ವಾಯವ್ಯ, 1873ರಲ್ಲಿ ಉತ್ತರ ಮಧ್ಯ, 1886ರಲ್ಲಿ ಊವ, 1889ರಲ್ಲಿ ಸಬರಗಮುವ ಪ್ರಾಂತ್ಯಗಳು ರೂಪುಗೊಂಡವು. ಇವುಗಳಲ್ಲಿ ನನಗೆ ಹೆಚ್ಚು ಕೆಲಸ ಕೊಟ್ಟದ್ದು 1873ರ ಬದಲಾವಣೆ. ಗವರ್ನರ್ ವಿಲಿಯಂ ಗ್ರೆಗರಿಯವರ ಕಾಲದಲ್ಲಿ, ಕೆರೆಗಳು ಒಡೆದು ಪಾಳುಬಿದ್ದಿದ್ದ ಒಣಭೂಮಿಯ ಕಡೆಗೆ ಪ್ರತ್ಯೇಕ ಗಮನ ಹರಿಸುವ ಸಲುವಾಗಿ, ಮುಖ್ಯವಾಗಿ ನುವರಕಲಾವಿಯ ಮತ್ತು ತಮನ್‌ಕಡುವಗಳನ್ನು ಸೇರಿಸಿ ಅನುರಾಧಪುರ ಕೇಂದ್ರವಾಗಿ ಹೊಸ ಪ್ರಾಂತ್ಯವನ್ನು ರಚಿಸಲಾಯಿತು. ಪರಿಣಾಮವಾಗಿ 1871ರ ಗಣತಿಯ ಉತ್ತರ ಪ್ರಾಂತ್ಯವೂ 1881ರ ಉತ್ತರ ಪ್ರಾಂತ್ಯವೂ ಒಂದೇ ಭೂಭಾಗವಲ್ಲ.

ಹಳೆಯ ನಕ್ಷೆಗಳನ್ನು ಕ್ಯೂಜಿಐಎಸ್ ಎಂಬ ನಕ್ಷೆ ತಂತ್ರಾಂಶದಲ್ಲಿ ಇಂದಿನ ನಿರ್ದೇಶಾಂಕಗಳಿಗೆ ಕೂರಿಸುವಾಗ ಇದೇ ಪ್ರದೇಶದಲ್ಲಿ ಕೆರೆಯ ಅಂಚುಗಳನ್ನು ಗುರುತುಬಿಂದುಗಳಾಗಿ ಬಳಸಬಾರದು. ಕಲಾವೆವದಂಥ ದೊಡ್ಡ ಕೆರೆ 1880ರ ದಶಕದಲ್ಲಿ ದುರಸ್ತಿಯಾಗಿ ಮತ್ತೆ ತುಂಬಿಕೊಂಡದ್ದು. ಅದಕ್ಕೆ ಮುಂಚಿನ ನಕ್ಷೆಯ ನೀರಿನ ಅಂಚಿಗೂ ಇಂದಿನ ಅಂಚಿಗೂ ಸಂಬಂಧವಿರುವುದಿಲ್ಲ. ಕರಾವಳಿಯ ಕೋಟೆಗಳು, ಅನುರಾಧಪುರದ ಸ್ತೂಪಗಳು ಮತ್ತು ಬಂಡೆಬೆಟ್ಟಗಳ ಶಿಖರಗಳನ್ನು ಆರಿಸಿಕೊಂಡರೆ ನಕ್ಷೆ ಅಲುಗಾಡದೆ ಕೂರುತ್ತದೆ.

ಸ್ವಾತಂತ್ರ್ಯಾನಂತರ ಪ್ರಾಂತ್ಯಗಳ ಗೆರೆಗಳು ಬಹುಮಟ್ಟಿಗೆ ಉಳಿದು, ಜಿಲ್ಲೆಗಳು ಒಡೆದವು. 1959ರಲ್ಲಿ ಬದುಲ್ಲದಿಂದ ಮೊನರಾಗಲ ಬೇರೆಯಾಯಿತು. ಗಲ್ ಓಯ ನೀರಾವರಿ ಯೋಜನೆಯಿಂದ ಒಳನಾಡಿನಲ್ಲಿ ಹೊಸ ವಸಾಹತುಗಳು ಎದ್ದ ಬಳಿಕ, 1961ರಲ್ಲಿ ಮಟ್ಟಕ್ಕಳಪ್ಪು (ಬ್ಯಾಟಿಕಲೋವಾ) ಜಿಲ್ಲೆಯ ದಕ್ಷಿಣ ಭಾಗ ಅಂಪಾರ ಜಿಲ್ಲೆಯಾಯಿತು. ಇಂಥ ಜೋಡಿಗಳನ್ನು ದೀರ್ಘಾವಧಿಯ ಹೋಲಿಕೆಗಾಗಿ ಮರಳಿ ಒಂದುಗೂಡಿಸುವುದು ಸುಲಭ. ಮುಲ್ಲೈತೀವು ಹಾಗಲ್ಲ. 1978ರಲ್ಲಿ ರಚನೆಯಾದ ಆ ಜಿಲ್ಲೆಗೆ ವವುನಿಯಾದ ಜೊತೆಗೆ ನೆರೆಯ ಇತರ ಜಿಲ್ಲೆಗಳ ಭಾಗಗಳೂ ಸೇರಿದ್ದರಿಂದ, ಅಂದಾಜಿನ ಹಂಚಿಕೆಗೆ ಹೋಗದೆ, ಆ ಕಾಲವನ್ನು ದಾಟುವ ನಕ್ಷೆಗಳಲ್ಲಿ ಉತ್ತರ ಪ್ರಾಂತ್ಯವನ್ನು ಒಂದೇ ಘಟಕವಾಗಿ ತೋರಿಸಿದೆ. ವಿವರ ಕಡಿಮೆಯಾಗುತ್ತದೆ ಎಂಬ ಆಕ್ಷೇಪ ಬಂದರೂ ಈ ನಿರ್ಧಾರವನ್ನು ನಾನು ಬದಲಿಸಲಿಲ್ಲ.

ಕಿಲಿನೊಚ್ಚಿಯ ವಿಷಯದಲ್ಲಿ ತೊಡಕು ದಿನಾಂಕದ್ದು. ಸಂವಿಧಾನದ ಏಳನೆಯ ತಿದ್ದುಪಡಿ 1983ರ ಅಕ್ಟೋಬರ್‌ನಲ್ಲಿ ಜಿಲ್ಲೆಗಳ ಸಂಖ್ಯೆಯನ್ನು 24ರಿಂದ 25ಕ್ಕೆ ಏರಿಸಿತು. ಜಾಫ್ನಾದಿಂದ ಬೇರ್ಪಟ್ಟ ಜಿಲ್ಲೆಯಾಗಿ ಅದು ಕಾರ್ಯಾರಂಭ ಮಾಡಿದ್ದು 1984ರಲ್ಲಿ. ಕಾನೂನಿನ ದಿನ, ಜಾರಿಯ ದಿನ ಎಂದು ಎರಡು ಕಾಲಂ ಮಾಡಿ, ನಕ್ಷೆಗೆ ಎರಡನೆಯದನ್ನು ಬಳಸಿದೆ.

1988ರ ಉತ್ತರ–ಪೂರ್ವ ಪ್ರಾಂತ್ಯಗಳ ವಿಲೀನ ಇದಕ್ಕೆ ತದ್ವಿರುದ್ಧ. 1987ರ ಭಾರತ–ಶ್ರೀಲಂಕಾ ಒಪ್ಪಂದದ ಅನ್ವಯ ತಾತ್ಕಾಲಿಕವಾಗಿ ನಡೆದ ಈ ವಿಲೀನ, ಪೂರ್ವದಲ್ಲಿ ನಡೆಯಬೇಕಿದ್ದ ಜನಮತಗಣನೆ ಮುಂದೂಡುತ್ತಲೇ ಹೋದದ್ದರಿಂದ ಹಾಗೆಯೇ ಮುಂದುವರಿಯಿತು. 2006ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ಅಸಿಂಧುವೆಂದು ತೀರ್ಪಿತ್ತ ಮೇಲೆ, 2007ರ ಜನವರಿ 1ರಿಂದ ಎರಡೂ ಪ್ರಾಂತ್ಯಗಳು ಮತ್ತೆ ಬೇರೆಯಾದವು. ಇಷ್ಟೆಲ್ಲ ನಡೆದರೂ ಜಿಲ್ಲೆಗಳು ಕದಲಿರಲಿಲ್ಲ, ಆದ್ದರಿಂದ ಅವುಗಳ ಪ್ರಾಂತ್ಯದ ಕಾಲಂ ಒಂದನ್ನೇ ತಿದ್ದಿದರೆ ಸಾಕಾಯಿತು.

ಚುನಾವಣೆಯ ಅಂಕಿಗಳನ್ನು ಸೇರಿಸಬಯಸುವವರಿಗೆ ಇನ್ನೊಂದು ಮಾತು ತಿಳಿದಿರಬೇಕು. ಆಡಳಿತ ಜಿಲ್ಲೆಗಳು 25 ಇದ್ದರೂ ಚುನಾವಣಾ ಜಿಲ್ಲೆಗಳು 22 ಮಾತ್ರ: ಜಾಫ್ನಾದಲ್ಲಿ ಕಿಲಿನೊಚ್ಚಿಯೂ ಸೇರಿದೆ, ಮನ್ನಾರ್, ವವುನಿಯಾ, ಮುಲ್ಲೈತೀವು ಮೂರೂ ಕೂಡಿ ವನ್ನಿ, ಅಂಪಾರದ ಹೆಸರು ಅಲ್ಲಿ ದಿಗಾಮಡುಲ್ಲ. ಇವುಗಳನ್ನು ಬೇರೆಯದೇ ಪದರದಲ್ಲಿ ಇಟ್ಟು, ವನ್ನಿಯ ಫಲಿತಾಂಶವನ್ನು ಅದರೊಳಗಿನ ಮೂರು ಮತದಾನ ವಿಭಾಗಗಳ ಮಟ್ಟದಲ್ಲಿ ತೆಗೆದುಕೊಂಡು ಆಡಳಿತ ಜಿಲ್ಲೆಗಳಿಗೆ ಜೋಡಿಸಿದೆ.