ಪಿಂಗಾಣಿ ತಟ್ಟೆ, ಮೊಂಡು ಚಾಕು: ಮೈಕ್ ಇಲ್ಲದೆ ನುಡಿಸಿದ ಸಾಂಬಾ

ಬ್ರೆಜಿಲ್‌ನ ಸಾವೊ ಪಾಲೊ ನಗರದ ಬಿಶಿಗಾ ಬಡಾವಣೆಯಲ್ಲಿ ನಾವು ಸೇರುವ ಸಾಂಬಾ ಸಂಗೀತದ ಕೂಟದಲ್ಲಿ ಈಗ ನಾನು ಚಾಕುವಿನಿಂದ ಉಜ್ಜಿ ನುಡಿಸುವ ತಟ್ಟೆಯ ಸದ್ದು ಮೈಕ್ ಇಲ್ಲದೆ ಹೊರಗಿನ ಪಾದಚಾರಿ ಮಾರ್ಗದವರೆಗೂ ಕೇಳುತ್ತದೆ. ಸುರ್ದೊ ಎಂಬ ದೊಡ್ಡ ಡೋಲು, ಪಂಡೇರೊ ಎಂಬ ಗೆಜ್ಜೆಬಿಲ್ಲೆಯ ಕಂಜಿರದಂಥ ವಾದ್ಯ, ಏಳು ತಂತಿಯ ಗಿಟಾರ್ ಎದುರು ತಟ್ಟೆ-ಚಾಕು ನಿಲ್ಲುವುದಿಲ್ಲ, ಅದು ಈಶಾನ್ಯ ಬ್ರೆಜಿಲ್‌ನ ಬಯಿಯಾ ರಾಜ್ಯದ ಅಂಗಳಕ್ಕೇ ಸರಿ ಎಂದು ಜೊತೆಯವರೆಲ್ಲ ಹೇಳಿದ್ದರು. ನಾನು ಒಪ್ಪಲಿಲ್ಲ. ಬಯಿಯಾದ ಹೆಂಗಸರು ಅಡುಗೆಮನೆಯಿಂದ ಎತ್ತಿಕೊಂಡು ಬಂದ ಈ ವಾದ್ಯವನ್ನು ರಿಯೋದಲ್ಲಿ ಹಳೆಯ ಸಾಂಬಾ ಕಲಾವಿದ ಜೊವಾವೊ ದ ಬಯಾನಾ ಪಂಡೇರೊ ಪಕ್ಕದಲ್ಲೇ ನಿಲ್ಲಿಸಿದ್ದರಲ್ಲ!

ಕೈಯ ವರಸೆ ಇಷ್ಟೆ: ಒಂದು ಕೈಯಲ್ಲಿ ತಟ್ಟೆ ಹಿಡಿದು, ಇನ್ನೊಂದು ಕೈಯಿಂದ ಅದರ ಅಂಚಿಗೆ ಚಾಕುವನ್ನು ಲಯಕ್ಕೆ ತಕ್ಕಂತೆ ಉಜ್ಜುವುದು. ನನ್ನನ್ನು ಕಾಡಿದ್ದು ತಟ್ಟೆ. ಸ್ಟೀಲಿನದು ಗುಂಯ್ಗುಟ್ಟುತ್ತಲೇ ಇರುತ್ತದೆ, ಒಂದು ಪೆಟ್ಟು ಇನ್ನೊಂದರ ಮೇಲೆ ಬೀಳುತ್ತದೆ. ಎನಾಮಲ್ ಸದ್ದೇನೋ ಚೆನ್ನ, ಆದರೆ ಅಂಚು ಚಕ್ಕೆ ಎದ್ದು ಚಾಕು ಅಲ್ಲೇ ಸಿಕ್ಕಿಕೊಳ್ಳುತ್ತದೆ. ಹೋಟೆಲಿನ ದಪ್ಪ ಪಿಂಗಾಣಿ ಬರೀ ಮೂಕ. ಒಡೆದದ್ದು, ಬಿಟ್ಟದ್ದು ಎಲ್ಲ ಸೇರಿ ಬ್ರೆಜಿಲ್‌ನ ಮುನ್ನೂರು ರಿಯಾಲಿನ ಹತ್ತಿರ ಹೋಗಿರಬಹುದು. ಆ ದುಡ್ಡಿಗೆ ಸಾಧಾರಣ ಪಂಡೇರೊ ಒಂದು ಬರುತ್ತಿತ್ತು ಎಂದು ಮನೆಯಲ್ಲಿ ಮಾತು ಕೇಳಿದ್ದೂ ಆಯಿತು.

ಕೊನೆಗೆ ಕೈಗೆ ಹತ್ತಿದ್ದು ತೆಳುವಾದ ಹಳೆಯ ಪಿಂಗಾಣಿ ತಟ್ಟೆ, ಒಂದು ಗೇಣಿಗಿಂತ ತುಸು ಚಿಕ್ಕದು. ಅಂಗೈ ತಾಗಿಸದೆ ಮೂರು ಬೆರಳಿನ ತುದಿಯಲ್ಲಿ ಹೊತ್ತುಕೊಳ್ಳುತ್ತೇನೆ. ಹೆಬ್ಬೆರಳು ಒತ್ತಿದರೆ ಸದ್ದು ಕಟ್ಟಾಗುತ್ತದೆ, ಬಿಟ್ಟರೆ ತೆರೆದುಕೊಳ್ಳುತ್ತದೆ. ಚಾಕು ಹಲ್ಲಿಲ್ಲದ್ದೇ ಆಗಬೇಕು. ಅದರ ಅಲಗಿಗೆ ನಾನು ಏನು ಮಾಡುತ್ತೇನೆ ಎಂಬುದನ್ನು ಮಾತ್ರ ಇಲ್ಲಿ ಬರೆಯುವುದಿಲ್ಲ.

ನಡುವೆ ಬೂಟ್ ಪಾಲಿಶ್ ಡಬ್ಬಿಯ ಮುಚ್ಚಳದ ಹುಚ್ಚೂ ಹಿಡಿದಿತ್ತು. ನಗರದ ನಡುವಿನ ಸೆ ಚೌಕದಲ್ಲಿ ಬೂಟು ಉಜ್ಜುತ್ತಿದ್ದ ಹುಡುಗರ ವಾದ್ಯ ಅದು. ಸಾಂಬಾ ಗಾಯಕ ಜೆರ್ಮಾನೊ ಮಾಚಿಯಾಸ್ ಆ ಹುಡುಗರಿಂದಲೇ ಕಲಿತು ಅದನ್ನು ವೇದಿಕೆಗೆ ಏರಿಸಿದರು. ಕಡ್ಡಿಯಿಂದ ಬಾರಿಸುವ ಪುಟ್ಟ ಕೈತಮಟೆ ತಾಂಬೊರಿಂ ಇಲ್ಲದ ದಿನ ಅದರ ಕೆಲಸವನ್ನು ಮುಚ್ಚಳ ಚೊಕ್ಕವಾಗಿ ಮಾಡಿಬಿಡುತ್ತದೆ.

ತಟ್ಟೆಗೆ ನಿಜವಾದ ಪರೀಕ್ಷೆ ಸಾವೊ ಪಾಲೊದ ಸಾಂಬಾ ಹಾಡುಗಾರ ಅಡೋನಿರನ್ ಬಾರ್ಬೋಸಾ ಅವರ 'ಸೌದೋಜ಼ಾ ಮಲೋಕಾ'. ತಾವು ನೆಲೆಸಿದ್ದ ಹಳೆಯ ಮನೆಯನ್ನು ಕೆಡವುವಾಗ ಮೂವರು ಬಡವರು ನಿಂತು ನೋಡುವ ಹಾಡು. ನಿಧಾನದ ಲಯ, ಎಲ್ಲಿಯೂ ಅಡಗಲು ಜಾಗವಿಲ್ಲ. ಗಿಟಾರಿನವರು ಎರಡನೆಯ ಸುತ್ತಿಗೆ ಪಂಡೇರೊವನ್ನು ಕೈಸನ್ನೆಯಲ್ಲೇ ನಿಲ್ಲಿಸಿ, ನನ್ನ ತಟ್ಟೆಯೊಂದನ್ನೇ ಇಟ್ಟುಕೊಂಡು ಹಾಡಿಸಿದರು. "ಆಗದು" ಎಂದು ಮೊದಲು ಹೇಳಿದವರು ಅವರೇ.

ತಟ್ಟೆ ಹುಡುಕುವವರು ಬಿಶಿಗಾದ ದೊಂ ಒರಿಯೋನೆ ಚೌಕದ ಭಾನುವಾರದ ಹಳೆ ಸಾಮಾನು ಸಂತೆಗೆ ಅಂಗಡಿ ಎತ್ತುವ ಹೊತ್ತಿಗೆ ಹೋಗಿ. ಜೋಡಿ ತಪ್ಪಿದ ತಟ್ಟೆಗಳನ್ನು ಹದಿನೈದು ಇಪ್ಪತ್ತು ರಿಯಾಲಿಗೆ ಕೊಟ್ಟುಬಿಡುತ್ತಾರೆ. ಕೊಳ್ಳುವ ಮೊದಲು ಉಗುರಿನಿಂದ ಅಂಚು ತಟ್ಟಿ ನೋಡಿ.