ಕೊಳೆ ರೋಗದಿಂದ ಚಂದ್ರನವರೆಗೆ: ವಿಕಿಪೀಡಿಯದಲ್ಲಿ ಲಿಂಕ್ ಆಟ ಆಡುವುದು ಹೇಗೆ

ಆಷಾಢದ ಮಳೆ ಒಮ್ಮೆ ಹಿಡಿದರೆ ನಮ್ಮ ಶಿರಸಿ ಸೀಮೆಯಲ್ಲಿ ಬಿಡುವ ಮಾತೇ ಇಲ್ಲ. ಆ ದಿನ ಅಡಿಕೆ ಮರ ಹತ್ತಿ ಮದ್ದು ಹೊಡೆಯುವ ಕೊನೆಗೌಡರು ಬೆಳಿಗ್ಗೆಯೇ ಬಂದಿದ್ದರು. ಮೈಲುತುತ್ತ ಕರಗಿಸಿ, ಸುಣ್ಣ ಕಲಸಿ, ಕೊಳೆ ಮದ್ದೂ ತಯಾರಾಗಿತ್ತು. ಮಳೆ ಮಾತ್ರ ಒಂದು ಗಳಿಗೆ ನಿಲ್ಲಲಿಲ್ಲ. ಅವರು ಚಾ ಕುಡಿದು ಹೊರಟುಹೋದರು. ನಾನು ಜಗಲಿಯ ತುದಿಯಲ್ಲಿ ಕೂತೆ. ನಮ್ಮನೆಯಲ್ಲಿ ನೆಟ್‌ವರ್ಕ್ ಸಿಗುವುದು ಅಲ್ಲಿ ಮಾತ್ರ. ಕಾಲೇಜಿಗೆ ರಜೆ ಅಂತ ಮನೆಗೆ ಬಂದಿದ್ದ ತಮ್ಮನ ಮಗಳು ಲ್ಯಾಪ್‌ಟಾಪ್ ಹಿಡಿದು ಬಂದು, "ದೊಡ್ಡಪ್ಪ, ಒಂದು ಆಟ ಇದ್ದು, ಆಡನ ಬಾ" ಅಂದಳು.

ಅವತ್ತು ಕಲಿತದ್ದನ್ನು ಮೂರು ಮಳೆಗಾಲದಿಂದ ಬಿಟ್ಟಿಲ್ಲ. ನಿಮಗೂ ಹೇಳಿಕೊಡುತ್ತೇನೆ.

ಆಟಕ್ಕೆ ಬೇಕಾದದ್ದು ಇಬ್ಬರು ಜನ, ವಿಕಿಪೀಡಿಯದ ಎರಡು ಪುಟ. ಒಂದು ಪುಟ ಹೊರಡುವ ಊರು, ಇನ್ನೊಂದು ಮುಟ್ಟಬೇಕಾದ ಊರು. ಲೇಖನದ ಒಳಗಿರುವ ನೀಲಿ ಲಿಂಕ್‌ಗಳನ್ನು ಮಾತ್ರ ಒತ್ತುತ್ತಾ ಒಂದರಿಂದ ಇನ್ನೊಂದಕ್ಕೆ ಹೋಗಬೇಕು. ಹುಡುಕುವ ಪಟ್ಟಿಯಲ್ಲಿ ಟೈಪ್ ಮಾಡುವಂತಿಲ್ಲ. ಕಡಿಮೆ ಕ್ಲಿಕ್ಕಿನಲ್ಲಿ ಮುಟ್ಟಿದವರು ಗೆದ್ದರು. ಹಿಂದಕ್ಕೆ ಹೋದರೆ ಅದೂ ಒಂದು ಕ್ಲಿಕ್. ನಮ್ಮಲ್ಲಿ ಇಷ್ಟೇ ಕಾಯ್ದೆ. ಕೆಲವರು ಗಡಿಯಾರ ಇಟ್ಟುಕೊಂಡು ಆಡುತ್ತಾರೆ. ನನಗೆ ಅದು ಹಿಡಿಸಲಿಲ್ಲ. ಅವಸರ ಮಾಡಿದರೆ ಪುಟ ಓದುವುದೇ ಇಲ್ಲ, ಆಟದ ರುಚಿ ಇರುವುದೇ ಆ ಓದಿನಲ್ಲಿ ಅಲ್ವಾ?

ಎದುರಿಗಿದ್ದ ಮದ್ದಿನ ಡ್ರಮ್ ನೋಡಿ ಅವತ್ತು ಅವಳು ಹೊರಡುವ ಪುಟ ಆರಿಸಿದಳು: ಫೈಟಾಫ್ತೊರಾ. ನಮ್ಮ ಅಡಿಕೆಗೆ ಕೊಳೆ ತರುವ ರೋಗಾಣುವಿನ ಕುಲದ ಹೆಸರು ಅದು. ಮುಟ್ಟುವ ಪುಟ ನಾನು ಹೇಳಿದೆ: ನೀಲ್ ಆರ್ಮ್‌ಸ್ಟ್ರಾಂಗ್. ಕೊಳೆಗೂ ಚಂದ್ರನಿಗೂ ಏನು ಸಂಬಂಧ ಅಂತ ನನ್ನ ಲೆಕ್ಕ.

ಇಂಗ್ಲಿಷ್ ವಿಕಿಪೀಡಿಯದಲ್ಲಿ ಆಡಿದೆವು. ಫೈಟಾಫ್ತೊರಾ ಪುಟದಲ್ಲಿ ಈ ಕುಲದ ಬೇರೆ ಬೇರೆ ಜಾತಿಗಳ ಪಟ್ಟಿ ಇತ್ತು. ಅದರಲ್ಲಿ ಫೈಟಾಫ್ತೊರಾ ಇನ್‌ಫೆಸ್ಟಾನ್ಸ್ ಅನ್ನುವುದನ್ನು ಒತ್ತಿದೆ. ಅದು ಆಲೂಗಡ್ಡೆಗೆ ರೋಗ ತರುವ ಜಾತಿ. ಅಲ್ಲಿಂದ ಐರ್ಲೆಂಡಿನ ದೊಡ್ಡ ಕ್ಷಾಮ. 1845ರಲ್ಲಿ ಈ ರೋಗ ಬಂದು ಅಲ್ಲಿನ ಆಲೂಗಡ್ಡೆ ಬೆಳೆ ಕೊಳೆತುಹೋಯಿತು. ಸುಮಾರು 10 ಲಕ್ಷ ಜನ ಸತ್ತರು. ಅಷ್ಟೇ ಜನ, ಇನ್ನೂ ಜಾಸ್ತಿಯೇ, ಊರು ಬಿಟ್ಟು ಹಡಗು ಹತ್ತಿದರು. ಆ ಪುಟದಲ್ಲಿ ನಾನು ತುಂಬ ಹೊತ್ತು ನಿಂತೆ. ಕೊಳೆ ಬಂದ ವರ್ಷ ತೋಟದಲ್ಲಿ ಉದುರಿದ ಹಸಿ ಅಡಿಕೆ ಮೇಲೆ ಕಾಲಿಟ್ಟು ನಡೆದವರಿಗೆ ಗೊತ್ತು ಆ ವಾಸನೆ. ನಮಗೆ ಒಂದು ವರ್ಷದ ಫಸಲು ಹೋದರೆ ಊಟಕ್ಕೆ ಅಕ್ಕಿಯಾದರೂ ಇರುತ್ತದೆ. ಅವರಿಗೆ ಆಲೂಗಡ್ಡೆಯೇ ಊಟ.

ಅಲ್ಲಿಂದ ಐರಿಷ್ ಅಮೆರಿಕನ್ನರ ಪುಟ. ಅಲ್ಲಿಂದ ಅಮೆರಿಕದ ಅಧ್ಯಕ್ಷರಾಗಿದ್ದ ಜಾನ್ ಎಫ್. ಕೆನಡಿ, ಅವರ ಹಿರಿಯರು ಐರ್ಲೆಂಡಿನಿಂದ ಹೋದವರು. ಆ ದಶಕ ಮುಗಿಯುವುದರೊಳಗೆ ಚಂದ್ರನ ಮೇಲೆ ಮನುಷ್ಯನನ್ನು ಇಳಿಸಬೇಕು ಅಂತ 1961ರಲ್ಲಿ ಹೇಳಿದವರು ಅವರೇ. ಅಲ್ಲಿಂದ ಅಪೋಲೊ ಯೋಜನೆ, ಅಲ್ಲಿಂದ ಆರ್ಮ್‌ಸ್ಟ್ರಾಂಗ್. ಆರು ಕ್ಲಿಕ್.

"ಎಂತಕ್ಕೆ ಅಷ್ಟು ಸುತ್ತಿದೆ? ಮೊದಲನೇ ಪುಟದಲ್ಲೇ ಇದ್ದು ನೋಡು" ಅಂದಳು ಕೂಸು. ನಿಜ. ಐರ್ಲೆಂಡಿನ ಕ್ಷಾಮದ ಲಿಂಕ್ ಫೈಟಾಫ್ತೊರಾ ಪುಟದಲ್ಲೇ ಇತ್ತು. ಅವಳು ಐದರಲ್ಲಿ ಮುಟ್ಟಿದ್ದಳು. ಕ್ಯಾಲೆಂಡರಿನ ಹಿಂದೆ ಇಬ್ಬರ ಲೆಕ್ಕವನ್ನೂ ಬರೆದಿಟ್ಟೆ.

ಅದರಿಂದ ಕಲಿತ ಮೊದಲ ಪಾಠ: ಲಿಂಕ್ ಕಂಡ ಕೂಡಲೇ ಒತ್ತಬೇಡಿ, ಪುಟವನ್ನು ಕೊನೆಯವರೆಗೆ ಒಮ್ಮೆ ನೋಡಿ. ಎರಡನೆಯದು, ಹೊರಡುವ ಮೊದಲು ಮುಟ್ಟುವ ಪುಟವನ್ನು ಓದಿಕೊಳ್ಳಿ. ಗುರಿ ಗೇರುಸೊಪ್ಪೆ ಅಂತಿಟ್ಟುಕೊಳ್ಳಿ. ಅದರ ಹೆಸರು ಬೇರೆ ಯಾವ ಪುಟದಲ್ಲಿ ಬರಬಹುದು? ಶರಾವತಿ ನದಿ. ಅಲ್ಲಿ ಆಳಿದ, ಕಾಳುಮೆಣಸಿನ ರಾಣಿ ಅಂತ ಪೋರ್ಚುಗೀಸರು ಕರೆದ ಚೆನ್ನಭೈರಾದೇವಿ. ಈಗ ನಿಮ್ಮ ಗುರಿ ಗೇರುಸೊಪ್ಪೆ ಅಲ್ಲ, ಶರಾವತಿ. ಶರಾವತಿಗೆ ಕರ್ನಾಟಕದಿಂದ ಹೋಗಬಹುದು, ಕರ್ನಾಟಕಕ್ಕೆ ಭಾರತದಿಂದ. ದೇಶದ ಪುಟಕ್ಕೆ ಎಲ್ಲಿಂದ ಬೇಕಾದರೂ ದಾರಿ ಇದೆ. ಮೊದಲು ದೊಡ್ಡ ರಸ್ತೆ ಹಿಡಿದು, ಆಮೇಲೆ ಕಾಲುದಾರಿಗೆ ಇಳಿಯುವುದು.

ತೋಟದವರಿಗೆ ಇನ್ನೊಂದು ಒಳದಾರಿ ಇದೆ. ಇದು ನಾನೇ ಕಂಡುಕೊಂಡದ್ದು, ಖುಷಿಯಿಂದ ಹೇಳುತ್ತೇನೆ. ಯಾವುದೇ ಗಿಡದ ಪುಟ ತೆಗೆದರೆ ಬಲಗಡೆ ಒಂದು ಚೌಕ ಇರುತ್ತದೆ. ಅದರಲ್ಲಿ ಗಿಡದ ವೈಜ್ಞಾನಿಕ ಹೆಸರಿನ ಪಕ್ಕ, ಬಹಳಷ್ಟು ಗಿಡಗಳಿಗೆ, ಚಿಕ್ಕದಾಗಿ ಒಂದು ಅಕ್ಷರ, ಎಲ್ ಅಂತ. ಅಡಿಕೆಗೆ ಎಲ್. ಕಾಳುಮೆಣಸಿಗೆ, ತೆಂಗಿಗೆ, ಮಾವಿಗೆ, ಗೇರಿಗೆ, ಎಲ್ಲಕ್ಕೂ ಎಲ್. ಒತ್ತಿದರೆ ಕಾರ್ಲ್ ಲಿನೇಯಸ್ ಪುಟ. ಸ್ವೀಡನ್ನಿನವರು, ಈ ಗಿಡಗಳಿಗೆಲ್ಲ 1753ರ ಒಂದೇ ಪುಸ್ತಕದಲ್ಲಿ ಎರಡೆರಡು ಪದದ ಹೆಸರು ಕೊಟ್ಟವರು. ಅಲ್ಲಿಗೆ ನಮ್ಮ ತೋಟದಿಂದ ಒಂದೇ ನೆಗೆತಕ್ಕೆ ಸ್ವೀಡನ್, ಇನ್ನೊಂದಕ್ಕೆ ಇಡೀ ಯುರೋಪ್. ಹಲಸಿನ ಪುಟದಲ್ಲಿ ಮಾತ್ರ ಹುಷಾರು. ಅಲ್ಲಿ ಎಲ್ ಇಲ್ಲ, ಲ್ಯಾಮ್ ಅಂತ ಇದೆ. ಅದು ಲಮಾರ್ಕ್, ಒತ್ತಿದರೆ ಫ್ರಾನ್ಸಿಗೆ ಹೋಗುತ್ತೀರಿ. ಫ್ರಾನ್ಸಿಗೇ ಹೋಗಬೇಕಿದ್ದರೆ ನಮ್ಮ ಕೊಳೆ ಮದ್ದೂ ಕರೆದುಕೊಂಡು ಹೋಗುತ್ತದೆ. ಅದಕ್ಕೆ ಬೋರ್ಡೋ ದ್ರಾವಣ ಅನ್ನುವ ಹೆಸರು ಬಂದದ್ದೇ ಆ ದೇಶದ ದ್ರಾಕ್ಷಿ ತೋಟಗಳ ಸೀಮೆಯಿಂದ.

ಒಬ್ಬರೇ ಇದ್ದರೆ ಆಡಲಿಕ್ಕೂ ಒಂದು ಬಗೆ ಇದೆ. ಇಂಗ್ಲಿಷ್ ವಿಕಿಪೀಡಿಯದಲ್ಲಿ ಯಾವುದಾದರೂ ಪುಟ ತೆಗೆಯಿರಿ. ಆವರಣದೊಳಗಿನದು, ಓರೆ ಅಕ್ಷರದ್ದು ಬಿಟ್ಟು ಲೇಖನದ ಮೊದಲ ಲಿಂಕ್ ಒತ್ತಿ. ಹೊಸ ಪುಟದಲ್ಲೂ ಮೊದಲನೆಯದೇ. ಹೀಗೆ ಹೋಗುತ್ತಿದ್ದರೆ, 2016ರ ಲೆಕ್ಕದಲ್ಲಿ, ನೂರಕ್ಕೆ ತೊಂಬತ್ತಕ್ಕಿಂತ ಜಾಸ್ತಿ ಪುಟಗಳು ಕೊನೆಗೆ ತತ್ವಶಾಸ್ತ್ರದ ಪುಟ ಮುಟ್ಟುತ್ತಿದ್ದವು. ಕಾರಣ ಸರಳ. ಲೇಖನದ ಮೊದಲ ವಾಕ್ಯ ಸಾಮಾನ್ಯವಾಗಿ 'ಇದು ಇಂಥದ್ದರಲ್ಲಿ ಒಂದು' ಅನ್ನುತ್ತದೆ. ಅಡಿಕೆ ಒಂದು ಮರ, ಮರ ಒಂದು ಸಸ್ಯ. ಹೆಜ್ಜೆ ಹೆಜ್ಜೆಗೂ ಇನ್ನೂ ದೊಡ್ಡ ಮಾತಿಗೆ ಹತ್ತುತ್ತೀರಿ. ಕೆಲವು ಸಲ ಎರಡು ಪುಟಗಳ ನಡುವೆಯೇ ಗಾಣದ ಎತ್ತಿನ ಹಾಗೆ ಸುತ್ತುವುದೂ ಉಂಟು. ಆಗ ಬಿಟ್ಟು ಬೇರೆ ಪುಟ ಹಿಡಿಯಿರಿ.

ಮೊಬೈಲಿನಲ್ಲಿ ಆಡುವವರು ಪುಟದ ತಳದಲ್ಲಿರುವ ಡೆಸ್ಕ್‌ಟಾಪ್ ಅನ್ನುವುದನ್ನು ಒತ್ತಿಕೊಳ್ಳಿ. ಇಲ್ಲದಿದ್ದರೆ ಲೇಖನದ ಕೊನೆಯಲ್ಲಿರುವ ದೊಡ್ಡ ಲಿಂಕ್ ಪಟ್ಟಿಗಳು ಕಾಣುವುದೇ ಇಲ್ಲ. ಆಟ ಮುಗಿದ ಮೇಲೆ ಸಿಕ್ಸ್ ಡಿಗ್ರೀಸ್ ಆಫ್ ವಿಕಿಪೀಡಿಯ ಅನ್ನುವ ತಾಣದಲ್ಲಿ ಎರಡೂ ಹೆಸರು ಹಾಕಿದರೆ ಅತಿ ಹತ್ತಿರದ ದಾರಿ ತೋರಿಸುತ್ತದೆ. ಆಟದ ನಡುವೆ ನೋಡಬಾರದು, ಮೊದಲೇ ಮಾತಾಡಿಕೊಳ್ಳಿ.

ಈಗ ನನಗೆ ಎಲ್ಲಕ್ಕಿಂತ ಮುಖ್ಯವಾದ ಮಾತು. ಇದನ್ನು ಕನ್ನಡ ವಿಕಿಪೀಡಿಯದಲ್ಲಿ ಆಡಿ. ಕಷ್ಟ ಜಾಸ್ತಿ. ಇಂಗ್ಲಿಷಿನಲ್ಲಿ 70 ಲಕ್ಷ ಲೇಖನಗಳಿವೆ. 2003ರಲ್ಲಿ ಶುರುವಾದ ನಮ್ಮದರಲ್ಲಿ 30 ಸಾವಿರ ಚಿಲ್ಲರೆ. ಕೆಂಪು ಲಿಂಕ್ ಕಂಡರೆ ಆ ಪುಟ ಇನ್ನೂ ಯಾರೂ ಬರೆದಿಲ್ಲ ಅಂತ ಅರ್ಥ. ನಮ್ಮ ಜಿಲ್ಲೆಯ ಒಂದು ಊರಿನ ಪುಟದಲ್ಲಿ ನಾನು ಪೂರ್ತಿ ಸಿಕ್ಕಿಬಿದ್ದೆ. ನದಿಯ ಹೆಸರಿತ್ತು, ಬನವಾಸಿಯ ಹೆಸರಿತ್ತು, ಎಲ್ಲ ಕಪ್ಪು ಅಕ್ಷರದಲ್ಲಿ. ಒತ್ತಲಿಕ್ಕೆ ಒಂದು ಲಿಂಕ್ ಇಲ್ಲ. ನಮ್ಮ ಊರಿಗೆ ಹೊರಗಿನಿಂದ ರಸ್ತೆಯೇ ಇಲ್ಲದ ಹಾಗೆ ಅನಿಸಿತು, ಬೇಜಾರಾಯಿತು.

ರಸ್ತೆ ನಾವೇ ಹಾಕಬಹುದು. ಮೇಲೆ 'ಸಂಪಾದಿಸಿ' ಅಂತ ಇರುತ್ತದೆ, ಒತ್ತಿ. ಪದದ ಆಚೆ ಈಚೆ ಎರಡೆರಡು ಚೌಕ ಆವರಣ ಹಾಕಿದರೆ ಲಿಂಕ್ ಆಯಿತು: [[ಬನವಾಸಿ]]. ಕನ್ನಡದಲ್ಲಿ ಒಂದು ತೊಡಕಿದೆ. ವಾಕ್ಯದಲ್ಲಿ ಇರುವುದು 'ಬನವಾಸಿಯಿಂದ' ಅಂತ, ಆದರೆ ಆ ಹೆಸರಿನ ಪುಟ ಇರುವುದಿಲ್ಲವಲ್ಲ? ಆಗ ಪುಟದ ಹೆಸರು ಮೊದಲು, ನಡುವೆ ಒಂದು ನೇರ ಗೆರೆ, ಆಮೇಲೆ ಓದುವವರಿಗೆ ಕಾಣಬೇಕಾದ ಪದ: [[ಬನವಾಸಿ|ಬನವಾಸಿಯಿಂದ]]. ಉಳಿಸಿದ ಕೂಡಲೇ ಕಪ್ಪು ಅಕ್ಷರ ನೀಲಿಯಾಗುತ್ತದೆ. ಮೊದಲ ಸಲ ಅದು ನೀಲಿಯಾದಾಗ ಅಡುಗೆಮನೆಯಲ್ಲಿದ್ದವರನ್ನೆಲ್ಲ ಕರೆದು ತೋರಿಸಿದೆ.

ಮರುವಾರ ಅದೇ ಪುಟದಿಂದ ಆಟ ಹೂಡಿದೆವು. ಗುರಿ ಆದಿಕವಿ ಪಂಪ. ಕೂಸು ನಾನು ಹಾಕಿದ ಲಿಂಕನ್ನೇ ಒತ್ತಿ ಬನವಾಸಿಗೆ ಹೋದಳು, ಅಲ್ಲಿಂದ ಪಂಪನಿಗೆ. ಕ್ಯಾಲೆಂಡರಿನ ಹಿಂದೆ ಅವಳ ಹೆಸರಿನ ಮುಂದೆ 2 ಅಂತ ಬರೆದೆ.