ಸ್ಪ್ಯಾನಿಶ್ ಮನೆತನದ ಹೆಸರನ್ನೇ ಮಗನಿಗೆ ಇಟ್ಟ ಬಗೆ: ನನ್ನ ಅನುಭವ

ಮಗನ ಮೊದಲ ಹೆಸರು ವೇಗ (Vega), ನಡುವಿನದು ಅಭಿಜಿತ್, ಕೊನೆಯದು ನನ್ನ ಅಪ್ಪನ ಹೆಸರು. ಕ್ಯಾಲಿಫೋರ್ನಿಯಾದ ಜನನ ಪ್ರಮಾಣಪತ್ರ, ಸೋಶಿಯಲ್ ಸೆಕ್ಯುರಿಟಿ ಕಾರ್ಡ್, ಅಮೆರಿಕದ ಪಾಸ್‌ಪೋರ್ಟ್, ಒಸಿಐ (ಭಾರತ ಮೂಲದ ವಿದೇಶಿ ಪ್ರಜೆಗಳಿಗೆ ಭಾರತ ಸರ್ಕಾರ ಕೊಡುವ ಕಾರ್ಡ್), ಶಾಲೆಯ ಹಾಜರಿ, ಐದರಲ್ಲೂ ಈಗ ಅದೇ ಕ್ರಮ, ಅದೇ ಸ್ಪೆಲಿಂಗ್. ವೇಗ ಎಂಬುದು ನನ್ನ ಹೆಂಡತಿಯ ಮನೆತನದ ಹೆಸರು. ಇದು ನಡೆಯುವುದಿಲ್ಲ ಎಂದವರು ಎರಡೂ ಕಡೆ ಇದ್ದರು. ‘ಇದು ಅಪೆಯೀದೊ (ಮನೆತನದ ಹೆಸರು), ಕೊನೆಗೆ ಬರಬೇಕಾದದ್ದು, ಮಗುವಿಗೆ ಹೆಸರೆಲ್ಲಿ?’ ಎಂದು ಆಕೆಯ ಕಡೆಯವರು. ‘ಮಗನಿಗೆ ಬರೀ ಪಾಟೀಲ ಅಂತ ಯಾರಾದರೂ ಹೆಸರಿಡುತ್ತಾರೇನೋ?’ ಎಂದು ನಮ್ಮವರು. ಇಡುತ್ತಾರೆ. ಗೌಡಪ್ಪ, ಶೆಟ್ಟೆಪ್ಪ, ದೇಸಾಯಪ್ಪ ಮತ್ತೆ ಎಲ್ಲಿಂದ ಬಂದವು?

ಸ್ಪ್ಯಾನಿಶ್ ಪದ್ಧತಿಯಲ್ಲಿ ಹೆಸರಾದ ಮೇಲೆ ಅಪ್ಪನ ಮನೆತನ, ಆಮೇಲೆ ಅಮ್ಮನ ಮನೆತನ. ಹಾಗೇ ಬರೆಸಬಹುದಿತ್ತು. ಆದರೆ ಇಲ್ಲಿನ ಕಂಪ್ಯೂಟರುಗಳು ಎರಡು ಸರ್‌ನೇಮನ್ನು ಒಂದೇ ರೀತಿ ನಡೆಸಿಕೊಳ್ಳುವುದಿಲ್ಲ. ಒಂದು ಕಡೆ ಮೊದಲನೆಯದು ನಡುವಿನ ಹೆಸರಾಗುತ್ತದೆ, ಇನ್ನೊಂದು ಕಡೆ ಎರಡನೆಯದು ಉದುರಿಹೋಗುತ್ತದೆ. ಹಾಗಾದರೆ ನಡುವೆ ಇಟ್ಟರೆ? ಸೋಶಿಯಲ್ ಸೆಕ್ಯುರಿಟಿಯವರು ನಡುವಿನ ಹೆಸರನ್ನು ಕಾನೂನಿನ ಹೆಸರಿನ ಭಾಗವೆಂದೇ ಎಣಿಸುವುದಿಲ್ಲ. ಕಾರ್ಡಿನಲ್ಲಿ ಮೊದಲ ಮತ್ತು ನಡುವಿನ ಹೆಸರಿಗೆ ಸೇರಿ 26 ಅಕ್ಷರದ ಒಂದು ಸಾಲು, ಕೊನೆಯ ಹೆಸರಿಗೆ 26ರ ಇನ್ನೊಂದು ಸಾಲು. ಜಾಗ ಸಾಲದಿದ್ದರೆ ಮೊದಲು ಕತ್ತರಿ ಬೀಳುವುದು ನಡುವಿನದಕ್ಕೆ. ಯಾರೂ ಕೈಹಚ್ಚದ ಜಾಗ ಮೊದಲನೆಯದು ಒಂದೇ. ಇನಿಶಿಯಲ್ ಬಿಡಿಸಿ ಬರೆದು ಊರಿನ ಹೆಸರಿನಿಂದ ಕರೆಸಿಕೊಂಡವರಿಗೆ, ವೀಸಾದ ಮೇಲೆ ‘ಎಫ್‌ಎನ್‌ಯು’ (ಮೊದಲ ಹೆಸರು ಗೊತ್ತಿಲ್ಲ) ಅಂತ ಮುದ್ರೆ ಬಿದ್ದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ದೊಡ್ಡವರ ಜೊತೆ ವಾದಕ್ಕೆ ಕೂರುವಾಗ ಮೂರು ನಿದರ್ಶನ ಕೈಯಲ್ಲಿರಲಿ. ಒಂದು, ಹಾವಿಯೇರ್. ಇಂದು ಇದು ಸ್ಪೇನಿನ ಮಾಮೂಲಿ ಗಂಡುಹೆಸರು. ಮೂಲದಲ್ಲಿ ಅದು ನವಾರ್ರಾ ಸೀಮೆಯ ಒಂದು ಕೋಟೆಮನೆ. 1506ರಲ್ಲಿ ಅಲ್ಲಿ ಹುಟ್ಟಿದ ಫ್ರಾನ್ಸಿಸ್ 1622ರಲ್ಲಿ ಸಂತರಾದ ಮೇಲೆ ಮನೆಯ ಹೆಸರೇ ಮಕ್ಕಳ ಹೆಸರಾಯಿತು. ಅದೇ ಮಂಗಳೂರು, ಗೋವಾದ ಕ್ಸೇವಿಯರ್. ಬಾಸ್ಕ್ ಭಾಷೆಯಲ್ಲಿ ಅದರ ಮೂಲಾರ್ಥ ‘ಹೊಸ ಮನೆ’. ನಮ್ಮ ಉತ್ತರ ಕರ್ನಾಟಕದ ಹೊಸಮನಿಯವರು ಮಗನಿಗೆ ಅದನ್ನೇ ಹೆಸರಾಗಿಟ್ಟಂತೆ. ಎರಡು, ಕ್ರೂಸ್ ಬುಸ್ತಮಾಂತೆ. ಮನೆತನವಾಗಿಯೂ ಬಳಕೆಯಲ್ಲಿರುವ ಕ್ರೂಸ್ ಇವರಿಗೆ ಮೊದಲ ಹೆಸರು. 1999ರಿಂದ 2007ರವರೆಗೆ ಕ್ಯಾಲಿಫೋರ್ನಿಯಾದ ಲೆಫ್ಟಿನೆಂಟ್ ಗವರ್ನರ್. ಮೂರು, 2016ರ ಪ್ರಕರಣ: ಮಡ್ರಿಡ್ ಬಳಿಯ ಫುಯೆನ್ಲಾಬ್ರಾದಾದ ದಂಪತಿ ಮಗನಿಗೆ ಲೋಬೊ ಎಂದು ಹೆಸರಿಡಲು ಹೋದಾಗ ಅದು ಮನೆತನದ ಹೆಸರು, ಗೊಂದಲವಾಗುತ್ತದೆ ಎಂಬ ಕಾರಣಕ್ಕೆ ನೋಂದಣಿ ನಿರಾಕರಿಸಿದರು, ಸಾವಿರಾರು ಸಹಿ ಸೇರಿದ ಮೇಲೆ ಮೇಲಿನ ಕಚೇರಿ ಒಪ್ಪಿತು. ದಕ್ಷಿಣ ಕನ್ನಡದವರಿಗೆ ಲೋಬೊ ಗೊತ್ತಿರುವ ಮನೆತನವೇ. ಅರ್ಥ ತೋಳ. ಸ್ಪೇನಿನಲ್ಲಿ ನೋಂದಾಯಿಸುವವರು ಇದನ್ನು ಮನಸ್ಸಿನಲ್ಲಿಡಿ; ಅಲ್ಲಿ ಎರಡಕ್ಕಿಂತ ಹೆಚ್ಚು ಬಿಡಿ ಹೆಸರು ಇಡುವಂತಿಲ್ಲ. ಕ್ಯಾಲಿಫೋರ್ನಿಯಾದಲ್ಲಿ ಆ ತಂಟೆಯಿಲ್ಲ, ತೊಂದರೆ ಬೇರೆ ಕಡೆ ಇದೆ.

ಹೆಂಡತಿಯ ತಂದೆತಾಯಿ, ಅಜ್ಜಅಜ್ಜಿ, ಮುತ್ತಜ್ಜಿಯರ ಕಡೆಯಿಂದ ಒಟ್ಟು ಮೂವತ್ತು ಮೂವತ್ತೈದು ಮನೆತನದ ಹೆಸರು ಪಟ್ಟಿಯಾದವು. ಮೊದಲು ಬಿಟ್ಟದ್ದು ‘-ez’ (ಎಸ್) ಕೊನೆಯವನ್ನು. ಫೆರ್ನಾಂದೆಸ್ ಅಂದರೆ ಫೆರ್ನಾಂದೊನ ಮಗ, ಮಾರ್ತೀನೆಸ್ ಅಂದರೆ ಮಾರ್ತೀನ್‌ನ ಮಗ. ಅಪ್ಪನ ಹೆಸರು ಅದಲ್ಲದಿದ್ದಾಗ ಮಗನಿಗೆ ಹಾಗೆ ಕರೆದರೆ ಸ್ಪ್ಯಾನಿಶ್ ಬಲ್ಲವರ ಕಿವಿಗೆ ಕಸಿವಿಸಿ. ಆಮೇಲೆ ಅರ್ಥ: ಕಾಲ್ವೊ ಬೋಳುತಲೆಯವ, ದೆಲ್ಗಾದೊ ಬಡಕಲು ಮೈಯವ, ಎಕ್ಸ್‌ಪೋಸಿತೊ ಬಾಗಿಲಲ್ಲಿ ಬಿಟ್ಟುಹೋದ ಕೂಸು. ಮನೆತನದ ಹೆಸರಾಗಿ ಇವನ್ನು ಯಾರೂ ಅರ್ಥ ಮಾಡಿ ನೋಡುವುದಿಲ್ಲ. ಮೊದಲ ಹೆಸರಾದ ಕೂಡಲೇ ನೋಡುತ್ತಾರೆ.

ಮುಂದಿನದು ಅಕ್ಷರದ ಮೇಲೆ ಬರುವ ಗುರುತು. ನಾವು ನೋಂದಾಯಿಸುವಾಗ ಕ್ಯಾಲಿಫೋರ್ನಿಯಾದ ಪ್ರಮಾಣಪತ್ರದಲ್ಲಿ ಇಂಗ್ಲಿಷಿನ 26 ಅಕ್ಷರ, ಅದರ ಮಾಮೂಲಿ ವಿರಾಮಚಿಹ್ನೆ ಬಿಟ್ಟು ಬೇರೇನೂ ಕೂರುತ್ತಿರಲಿಲ್ಲ. 1986ರ ಜನಮತದಲ್ಲಿ ಇಂಗ್ಲಿಷ್ ರಾಜ್ಯಭಾಷೆಯಾದದ್ದರ ಫಲ ಅದು. ಗುರುತುಗಳಿಗೆ ಅವಕಾಶ ಕೊಡುವ ಮಸೂದೆಯನ್ನು 2017ರಲ್ಲಿ ಗವರ್ನರ್ ಜೆರ್ರಿ ಬ್ರೌನ್ ವೀಟೊ ಮಾಡಿದರು. ಎನ್ ಅಕ್ಷರದ ಮೇಲಿನ ಅಲೆಗೆರೆ ಹೋದರೆ ಪೇನ್ಯಾ ಪೇನಾ ಆಗುತ್ತದೆ. ಬಂಡೆ ಹೋಗಿ ದುಃಖ ಬಂತು. ಗುರುತು ಬೇಡುವ ಹೆಸರನ್ನೆಲ್ಲ ಅಲ್ಲಿಗೇ ಕೈಬಿಡಿ.

ಕೊನೆಗೆ ಕನ್ನಡದ ಕಿವಿ. ಹೆಚ್ಚು ಹೆಸರು ಬಿದ್ದದ್ದು ಇಲ್ಲೇ. ಸಾಲಾಸ್‌ನಲ್ಲಿ ಸಾಲ. ಸೋಲಾನೊದಲ್ಲಿ ಸೋಲು. ಮೋರಾದಲ್ಲಿ ಮೋರೆ. ಹಾವಿಯೇರ್ ಚೆನ್ನಾಗಿದ್ದರೂ ಅಜ್ಜಿಯ ಬಾಯಲ್ಲಿ ಹಾವು ಬಂದೇ ಬರುತ್ತದೆ. ರೋಹಾಸ್ ಅನ್ನು ಇಂಗ್ಲಿಷಿನಲ್ಲಿ Rojas ಎಂದು ಬರೆದು ತೋರಿಸಿದರೆ ಹತ್ತರಲ್ಲಿ ಒಂಬತ್ತು ಜನ ರೋಜಾಸ್ ಎಂದು ಓದಿದರು. ನಾನು ಮಾಡಿದ ಪರೀಕ್ಷೆ ಇಷ್ಟೇ: ಕಾಗದದಲ್ಲಿ ಇಂಗ್ಲಿಷ್ ಸ್ಪೆಲಿಂಗ್ ಬರೆದು ವಾಟ್ಸಾಪ್‌ನಲ್ಲಿ ಊರಿಗೆ ಕಳಿಸಿ, ಏನೂ ಹೇಳದೆ ಓದಿಸಿ, ಧ್ವನಿ ಕಳಿಸಲು ಹೇಳುವುದು. ಎಂಟು ಹತ್ತು ಜನರ ಧ್ವನಿ ಬಂದರೆ ಸಾಕು.

ಉಳಿದದ್ದು ವೇಗ. ಸ್ಪ್ಯಾನಿಶ್‌ನಲ್ಲಿ ಅದು ನದಿಯ ದಡದ ಹಸಿರು ಬಯಲು. ಲಾಸ್ ವೇಗಾಸ್ ಅಂದರೆ ಅಂಥ ಬಯಲುಗಳು. ಲೋಪೆ ದೆ ವೇಗಾ ಎಂಬ ನಾಟಕಕಾರನ ಮನೆತನ ಅದೇ. ಇನ್ನು ನಮ್ಮ ಭಾಗ್ಯ ನೋಡಿ. ಸ್ಪ್ಯಾನಿಶ್ ಬಾಯಲ್ಲಿ ವಿ ಅಕ್ಷರಕ್ಕೂ ಬಿ ಅಕ್ಷರಕ್ಕೂ ಉಚ್ಚಾರ ಒಂದೇ. ಮಾತಿನ ಶುರುವಿನಲ್ಲಿ ಬಂದರೆ ತುಟಿ ಪೂರ್ತಿ ಮುಚ್ಚಿ ‘ಬೇಗಾ’ ಎನ್ನುತ್ತಾರೆ. ಇಂಗ್ಲಿಷ್ ಬಾಯಲ್ಲಿ ‘ವೇಗಾ’. ಕನ್ನಡದಲ್ಲಿ ಸಂಸ್ಕೃತದ ವೇಗ ತದ್ಭವವಾಗಿ ಬೇಗ ಆಗಿದೆ. ಎರಡು ಭಾಷೆ ಎರಡು ರೀತಿ ಉಚ್ಚರಿಸಿದರೂ ಎರಡೂ ಕನ್ನಡದಲ್ಲಿ ಒಂದೇ ಪದದ ತತ್ಸಮ ತದ್ಭವ. ಇಂಥ ಇನ್ನೊಂದು ಹೆಸರು ಆ ಪಟ್ಟಿಯಲ್ಲಿ ಇರಲಿಲ್ಲ.

ಹುಡುಗಿಯ ಹೆಸರಲ್ಲವೇ ಎಂಬ ಆಕ್ಷೇಪ ಗಟ್ಟಿಯಾದದ್ದು. ಸ್ಪೇನಿನಲ್ಲಿ ವೇಗಾ ಹೆಣ್ಣುಮಕ್ಕಳಿಗೆ ಇಡುವ ಹೆಸರು. ಸಲಮಾಂಕಾ ಊರಿನ ಪೋಷಕಿ ‘ವೇಗಾದ ಕನ್ಯೆ’ ಮೇರಿಯೇ. ಆಕಾರ ಕೊನೆಯಾದರೆ ಅವರಿಗೆ ಹೆಣ್ಣು, ಅಕಾರ ಕೊನೆಯಾದರೆ ನಮಗೆ ಗಂಡು. ಫಾರಂ ಹೆಸರಿನ ಲಿಂಗ ನೋಡುವುದಿಲ್ಲ, ಜನ ನೋಡುತ್ತಾರೆ. ಅದಕ್ಕೆ ಔಷಧ ನಡುವಿನ ಹೆಸರು: ಅನುಮಾನಕ್ಕೆ ಎಡೆಯಿಲ್ಲದ ಗಂಡುಹೆಸರು ಬೇಕು. ಅಭಿಜಿತ್ ಆರಿಸಿದ್ದಕ್ಕೆ ಕಾರಣವಿದೆ. ವೇಗಾ ಎಂಬ ನಕ್ಷತ್ರವೂ ಒಂದುಂಟು, ನಮ್ಮ ಅಭಿಜಿತ್ ಅದೇ. ನಕ್ಷತ್ರದ ಹೆಸರಿನ ಮೂಲ ಅರಬ್ಬಿ, ಮನೆತನದ್ದು ಸ್ಪ್ಯಾನಿಶ್; ಎರಡಕ್ಕೂ ಸಂಬಂಧವಿಲ್ಲ, ಆದರೆ ಪುರೋಹಿತರ ಮುಂದೆ ಈ ಜೋಡಿ ಚೆನ್ನಾಗಿ ನಿಲ್ಲುತ್ತದೆ. ಹೆಸರಿನ ಅಕ್ಷರ ನೋಡುವವರಿಗೆ ‘ವೇ’ ಮೃಗಶಿರದ ಮೊದಲ ಪಾದದ್ದು. ಮಗುವಿನ ನಕ್ಷತ್ರ ಬೇರೆಯಾದರೆ ಜನ್ಮನಾಮವನ್ನು ತೊಟ್ಟಿಲಿಗೆ ಬೇರೆ ಇಟ್ಟುಬಿಡಿ, ಅದು ಸರ್ಕಾರಿ ಕಾಗದಕ್ಕೆ ಹೋಗುವುದು ಬೇಡ.

ಇನ್ನು ಪೆಟ್ಟು ತಿಂದ ಜಾಗ. ಆಸ್ಪತ್ರೆಯಲ್ಲಿ ತುಂಬಿಕೊಟ್ಟ ಹಾಳೆಯಲ್ಲಿ ನಾನು ಸರಿಯಾಗೇ ಬರೆದಿದ್ದೆ. ಟೈಪ್ ಆಗಿ ಬಂದ ಕರಡಿನಲ್ಲಿ ಅಭಿಜಿತ್ ಮೊದಲ ಚೌಕಕ್ಕೂ ವೇಗ ಕೊನೆಯ ಚೌಕಕ್ಕೂ ಹೋಗಿದ್ದವು. ವೇಗಾ ಸರ್‌ನೇಮ್ ಎಂದು ತಿಳಿದವರ ಕೈ ತಾನಾಗಿಯೇ ಅಲ್ಲಿಗೆ ಹೋಗುತ್ತದೆ. ಸಹಿಗೆ ಮುಂಚೆ ಚೌಕದಿಂದ ಚೌಕಕ್ಕೆ ಬೆರಳಿಟ್ಟು ಓದಿದ್ದರಿಂದ ಸಿಕ್ಕಿತು. ಸಹಿ ಹಾಕಿದ ಮೇಲಾದರೆ ಕಷ್ಟ: ಹುಟ್ಟಿದ 21 ದಿನದೊಳಗೆ ನೋಂದಣಿಯಾಗಬೇಕು, ಒಮ್ಮೆ ನೋಂದಣಿಯಾದರೆ ತಿದ್ದಲು ವಿಎಸ್ 24 ಎಂಬ ಅಫಿಡವಿಟ್ ಹಾಕಬೇಕು. ಆಗಲೂ ಹಳೆಯ ಹಾಳೆ ಹಾಗೇ ಉಳಿದು, ತಿದ್ದುಪಡಿ ಎರಡನೆಯ ಹಾಳೆಯಾಗಿ ಜನ್ಮವಿಡೀ ಜೊತೆಗೆ ಬರುತ್ತದೆ. ಹೆಸರನ್ನೇ ಬದಲಿಸುವುದಾದರೆ ಎನ್‌ಸಿ-100 ಅರ್ಜಿ ಹಿಡಿದು ಕೋರ್ಟಿಗೆ; ಶುಲ್ಕವೇ 435ರಿಂದ 450 ಡಾಲರ್, ಮೇಲೆ ನಾಲ್ಕು ವಾರ ಪತ್ರಿಕೆಯಲ್ಲಿ ಪ್ರಕಟಣೆಯ ಖರ್ಚು. ಕರಡು ಮತ್ತೆ ತಪ್ಪದಂತೆ ಎರಡನೇ ಸಲ ಹಾಳೆಯ ಜೊತೆ ಒಂದು ಚೀಟಿ ಕ್ಲಿಪ್ ಮಾಡಿದೆ. ಅದರಲ್ಲಿ ಬರೆದ ಎರಡು ಸಾಲನ್ನು ಇಲ್ಲಿ ಹೇಳುವುದಿಲ್ಲ. ಎರಡು ನಿಮಿಷದಲ್ಲಿ ಕೆಲಸವಾಯಿತು ಎಂದಷ್ಟೇ ಹೇಳುತ್ತೇನೆ.

ನಾನು ಎಣಿಸದೇ ಇದ್ದದ್ದು ವಿಮೆ. ಇಲ್ಲಿ ಹೆಸರಿಡುವ ಮುನ್ನ ಕೂಸಿನ ಕಡತಕ್ಕೆ ತಾಯಿಯ ಸರ್‌ನೇಮ್ ಅಂಟಿಸುತ್ತಾರೆ. ನಮ್ಮ ಮಗನ ಕೈಪಟ್ಟಿಯಲ್ಲಿ ಇದ್ದದ್ದು ‘ಬಾಯ್ ವೇಗಾ’. ಆಮೇಲೆ ಬಂದ ನಿಜವಾದ ಹೆಸರು ವೇಗ, ಸರ್‌ನೇಮ್ ಬೇರೆ. ಬೇರೆ ಮಕ್ಕಳಲ್ಲಿ ತಾತ್ಕಾಲಿಕ ಹೆಸರು ಅಳಿದು ಹೊಸದು ಕೂರುತ್ತದೆ. ಇಲ್ಲಿ ಅದೇ ಪದ ಜಾಗ ಬದಲಿಸಿದ್ದರಿಂದ ಒಬ್ಬ ಮಗುವಿಗೆ ಎರಡು ಕಡತ ಹುಟ್ಟಿದವು. ಲಸಿಕೆ ಒಂದರಲ್ಲಿ, ಕಾಮಾಲೆಯ ಪರೀಕ್ಷೆ ಇನ್ನೊಂದರಲ್ಲಿ. ಹೆಸರು ಹೊಂದಲಿಲ್ಲವೆಂದು ಕ್ಲೇಮ್ ವಾಪಸ್, ನಮ್ಮ ಹೆಸರಿಗೆ 1,900 ಡಾಲರಿನ ಆಸುಪಾಸು ಬಿಲ್. ಬಗೆಹರಿಯಲು ಮೂರೂವರೆ ತಿಂಗಳು ಹಿಡಿಯಿತು, ಕೊನೆಗೆ ಒಂದು ಪೈಸೆ ಕೊಡಲಿಲ್ಲ. ತಾಯಿಯ ಸರ್‌ನೇಮನ್ನೇ ಮೊದಲ ಹೆಸರಾಗಿಡುವವರು ಡಿಸ್ಚಾರ್ಜ್ ಆಗುವ ದಿನವೇ ‘ಎರಡು ಕಡತ ಒಂದುಮಾಡಿ’ ಎಂದು ಬರಹದಲ್ಲಿ ಕೇಳಿ, ಉತ್ತರದ ಪ್ರತಿ ಇಟ್ಟುಕೊಳ್ಳಿ. ಕೆಲಸದ ಕಡೆಯ ವಿಮೆಗೆ ಮಗುವನ್ನು ಸೇರಿಸಲು 30 ದಿನದ ಗಡುವು ಇರುವುದರಿಂದ ಇದಕ್ಕೆ ಕಾಯುತ್ತ ಕೂರಬೇಡಿ.

ಉಳಿದ ಖರ್ಚು ಮಾಮೂಲಿ. ಪ್ರಮಾಣಪತ್ರದ ಮೂರು ಪ್ರತಿ ತೊಂಬತ್ತು ಡಾಲರಿನ ಹತ್ತಿರ, ಡಿಎಸ್-11 ಫಾರಂನ ಪಾಸ್‌ಪೋರ್ಟಿಗೆ 100 ಮತ್ತು 35 ಸೇರಿ 135, ಒಸಿಐಗೆ ಮುನ್ನೂರರ ಆಸುಪಾಸು. ಪಾಸ್‌ಪೋರ್ಟಿನಲ್ಲಿ ನೋಡಬೇಕಾದದ್ದು ಮೇಲಿನ ಅಚ್ಚಲ್ಲ, ಕೆಳಗಿನ ಯಂತ್ರದ ಸಾಲು: ಸರ್‌ನೇಮ್ ಆದಮೇಲೆ ಎರಡು ಬಾಣದ ಗುರುತು, ಆಮೇಲೆ ವೇಗ. ಒಸಿಐ ಅರ್ಜಿಯನ್ನು ಆ ಸಾಲು ನೋಡಿಯೇ ತುಂಬಿದರೆ ತಪ್ಪುವುದಿಲ್ಲ. ಫೋನಿನಲ್ಲಿ ಪೂರ್ತಿ ಹೆಸರನ್ನು ಒಂದೇ ಉಸಿರಿಗೆ ಹೇಳಬಾರದು. ಮೊದಲು ಸರ್‌ನೇಮ್ ಹೇಳಿ, ಅವರು ಟೈಪ್ ಮಾಡುವ ಸದ್ದು ನಿಂತ ಮೇಲೆ ‘ಮೊದಲ ಹೆಸರು ವೇಗ’ ಎನ್ನುವುದು.

ಮನೆಯೊಳಗಿನ ಒಂದು ತೊಡಕು ಕರೆಯುವಾಗ ಗೊತ್ತಾಗುತ್ತದೆ. ಅತ್ತೆ ಅಂಗಳದಿಂದ ‘ಬೇಗಾ!’ ಎಂದು ಕೂಗುತ್ತಾರೆ. ನಾನು ‘ಬೇಗ ಬಾ’ ಎಂದರೆ ಮಗನಿಗೆ ಅದು ಹೆಸರೋ ಅವಸರವೋ ತಿಳಿಯುತ್ತಿರಲಿಲ್ಲ. ಪಕ್ಕದ ಮನೆಯ ಕನ್ನಡದ ಮಕ್ಕಳಿಗೆ ಊಟಕ್ಕೆ ಕರೆದರೂ ಇವನು ಎದ್ದು ಓಡುತ್ತಿದ್ದ. ಕನ್ನಡದಲ್ಲಿ ಕರೆಯುವಾಗ ಕೆಳತುಟಿಯನ್ನು ಹಲ್ಲಿಗೆ ತಾಗಿಸಿ ‘ವೇಗ’ ಎಂದೇ ಹೇಳುವುದು, ಅವಸರಕ್ಕೆ ‘ಜಲ್ದಿ’ ಬಳಸುವುದು ಎಂದು ಮಾಡಿಕೊಂಡೆವು. ನಾಲ್ಕೈದು ತಿಂಗಳಲ್ಲಿ ಅವನಿಗೆ ಬೇರೆಬೇರೆಯಾಗಿ ಕೇಳಿಸತೊಡಗಿತು. ಅಜ್ಜಿಯ ಬಾಯಿಂದ ಬಂದ ‘ಬೇಗಾ’ ಮಾತ್ರ ಈಗಲೂ ಅವನ ಹೆಸರೇ. ಕನ್ನಡದಲ್ಲಿ ಬರೆಯುವಾಗ ವೇಗಾ, ವೆಗಾ ಎರಡನ್ನೂ ಬಿಟ್ಟು ವೇಗ ಎಂದು ನಿಲ್ಲಿಸಿದ್ದೇವೆ.

ಎರಡನೆಯ ಮಗುವಿಗೆ ಅತ್ತೆಯ ತಾಯಿಯ ಮನೆತನ ನಾವಾ ನೋಡುತ್ತಿದ್ದೇವೆ. ಬೆಟ್ಟಗಳ ನಡುವಿನ ಸಮತಟ್ಟು ನೆಲ ಎಂದು ಅರ್ಥ, ಗುರುತಿನ ಹಂಗಿಲ್ಲ, ಕನ್ನಡದಲ್ಲಿ ನವ ಎಂದು ಬರೆಯಬಹುದು. ಆದರೆ ಊರಿಂದ ಬಂದ ಹತ್ತು ಧ್ವನಿಯಲ್ಲಿ ಆರು ಜನ ಮೊದಲಕ್ಷರ ಎಳೆದು, ‘ಯಾರು, ನಾವಾ?’ ಎಂದು ಕೇಳುವ ದನಿಯಲ್ಲೇ ಓದಿದ್ದಾರೆ. ದೀರ್ಘ ಬಾರದಂತೆ ಇಂಗ್ಲಿಷ್ ಸ್ಪೆಲಿಂಗ್ ಹೇಗಿಡುವುದು ಎಂಬುದಿನ್ನೂ ಬಗೆಹರಿದಿಲ್ಲ.